ಲಾನ್ ಮೂವರ್ ಗಾಲಿಯನ್ನು ಮನೆಯಲ್ಲೇ ಬದಲಾಯಿಸುವುದು: ಪದೇ ಪದೇ ಕೇಳುವ ಪ್ರಶ್ನೆಗಳು

ಮನೆಯಂಗಳದ ಹುಲ್ಲು ಕತ್ತರಿಸುವ ಮೂರು ಬಗೆಯ ಯಂತ್ರಗಳ ಗಾಲಿಗಳ ಬಗ್ಗೆ ಇಲ್ಲಿ ಬರೆದಿದ್ದೇವೆ. ಒಂದು, ಕರೆಂಟ್ ಅಥವಾ ಬ್ಯಾಟರಿಯ ರೋಟರಿ ಮೂವರ್. ಎರಡು, ಪೆಟ್ರೋಲ್ ರೋಟರಿ ಮೂವರ್. ಇದರಲ್ಲಿ ಕೈಯಿಂದ ತಳ್ಳುವುದೂ ಉಂಟು, ಎಂಜಿನ್ನೇ ಗಾಲಿ ತಿರುಗಿಸುವುದೂ ಉಂಟು. ಮೂರು, ಎಂಜಿನ್ನೇ ಇಲ್ಲದ, ತಳ್ಳಿದರೆ ಬ್ಲೇಡ್ ಸುತ್ತುವ ಸಿಲಿಂಡರ್ ಮೂವರ್. ಹೆಗಲಿಗೆ ಹಾಕಿಕೊಳ್ಳುವ ಬ್ರಷ್ ಕಟರ್‌ಗೆ ಗಾಲಿಯೇ ಇರುವುದಿಲ್ಲ, ಅದನ್ನು ಬಿಟ್ಟಿದ್ದೇವೆ.

ಗಾಲಿ ಬದಲಾಯಿಸುವ ಹೊತ್ತು ಬಂದಿದೆ ಎಂದು ತಿಳಿಯುವುದು ಹೇಗೆ?

ಯಂತ್ರದ ಆ ಮೂಲೆಯನ್ನು ಸ್ವಲ್ಪ ಎತ್ತಿ, ಗಾಲಿಯ ಮೇಲ್ಭಾಗ ಮತ್ತು ಕೆಳಭಾಗವನ್ನು ಎರಡು ಕೈಯಲ್ಲಿ ಹಿಡಿದು ಒಳಕ್ಕೂ ಹೊರಕ್ಕೂ ಅಲ್ಲಾಡಿಸಿ. ಪ್ಲಾಸ್ಟಿಕ್ ಗಾಲಿಯ ಅಂಚು 2–3 ಮಿ.ಮೀ. ಅಲುಗಿದರೆ ಚಿಂತೆಯಿಲ್ಲ. 6 ಮಿ.ಮೀ. ದಾಟಿದರೆ ನಡುವಿನ ತೂತು ದೊಡ್ಡದಾಗಿದೆ ಎಂದೇ ಅರ್ಥ. ಗಾಲಿ ಬಿಚ್ಚಿ ನೋಡಿದರೆ ದುಂಡಗಿದ್ದ ತೂತು ಕೋಳಿಮೊಟ್ಟೆಯ ಆಕಾರಕ್ಕೆ ಬಂದಿರುತ್ತದೆ, ಅದರ ಸುತ್ತ ಕಪ್ಪಗಿನ ಪುಡಿ ಅಂಟಿರುತ್ತದೆ. ಆ ಪುಡಿ ಸವೆದ ಪ್ಲಾಸ್ಟಿಕ್ ಮತ್ತು ಮಣ್ಣಿನ ಮಿಶ್ರಣ.

ಹೆಚ್ಚಿನವರು ನೋಡುವುದು ಹೊರಗಿನ ಟೈರ್ ಪಟ್ಟೆಯನ್ನು ಮಾತ್ರ. ಅದು ನುಣ್ಣಗಾಗಿದ್ದರೂ, ಎಂಜಿನ್ ತಿರುಗಿಸದ ಗಾಲಿಯಾದರೆ ಒಂದೆರಡು ವರ್ಷ ಹೆಚ್ಚೇ ಓಡೀತು. ನಡುವಿನ ತೂತು ಸವೆದರೆ ಹಾಗಲ್ಲ. ಗಾಲಿ ವಾಲಿ ನಿಲ್ಲುತ್ತದೆ, ಯಂತ್ರದ ಆ ಮೂಲೆ ತಗ್ಗುತ್ತದೆ, ಹುಲ್ಲು ಒಂದು ಕಡೆ ಬುಡದವರೆಗೆ ಕತ್ತರಿಸಿಹೋಗಿ ಕಂದು ಪಟ್ಟೆ ಬೀಳುತ್ತದೆ. ಲಾನ್ ಮೇಲೆ ಯಾವಾಗಲೂ ಒಂದೇ ಬದಿಯಲ್ಲಿ ಇಂಥ ಪಟ್ಟೆ ಕಂಡರೆ ಬ್ಲೇಡನ್ನು ಅನುಮಾನಿಸುವ ಮೊದಲು ಗಾಲಿ ನೋಡಿ.

ಹೊಸ ಗಾಲಿ ಹಾಕಿದರೂ ಅಲ್ಲಾಡುತ್ತಿದೆ. ಏಕೆ?

ಮೂರು ಜಾಗ ನೋಡಿ. ಗಾಲಿ ಸುತ್ತುವ ಬೋಲ್ಟಿನ ನುಣುಪು ಭಾಗ ಒಂದೇ ಕಡೆ ಸವೆದಿರಬಹುದು. ಅದರ ಮೇಲೆ ಉಗುರು ಎಳೆದರೆ ಮೆಟ್ಟಿಲು ಸಿಕ್ಕಂತೆ ತಡೆಯುತ್ತದೆ. ಎತ್ತರ ಹೊಂದಿಸುವ ಲಿವರಿನ ತಗಡಿನ ತೋಳು ಬಗ್ಗಿರಬಹುದು. ಇಲ್ಲವೇ ಬೋಲ್ಟ್ ಕೂರುವ ತೂತೇ ಹಿಗ್ಗಿರಬಹುದು. ತೋಳು ಬಗ್ಗಿದ್ದರೆ ವೈಸ್‌ನಲ್ಲಿ ಹಿಡಿದು ನೇರ ಮಾಡಬಹುದು, ಆದರೆ ಒಂದು ಸಲ ಮಾತ್ರ. ಎರಡನೇ ಸಲ ಅದೇ ಜಾಗದಲ್ಲಿ ಬಿರುಕು ಬಿಡುತ್ತದೆ.

ಅಂಗಡಿಗೆ ಹೋಗುವ ಮುನ್ನ ಯಾವ ಅಳತೆ ತೆಗೆದುಕೊಳ್ಳಬೇಕು?

‘ಎಂಟು ಇಂಚಿನ ಗಾಲಿ ಕೊಡಿ’ ಎಂದು ಕೇಳಿ ತಂದ ಗಾಲಿ ಹತ್ತರಲ್ಲಿ ಏಳು ಸಲ ಕೂರುವುದಿಲ್ಲ ಎಂದೇ ಇಟ್ಟುಕೊಳ್ಳಿ. ಹೊರಗಿನ ಅಳತೆ ಒಂದೇ ಇದ್ದರೂ ಒಳಗಿನ ಅಳತೆ ಕಂಪನಿಯಿಂದ ಕಂಪನಿಗೆ ಬದಲಾಗುತ್ತದೆ. ಈ ಐದನ್ನು ಬರೆದುಕೊಳ್ಳಿ, ಸಾಧ್ಯವಾದರೆ ವರ್ನಿಯರ್ ಕ್ಯಾಲಿಪರ್ ಎಂಬ ಸೂಕ್ಷ್ಮ ಅಳತೆಯ ಉಪಕರಣದಲ್ಲಿ ಅಳೆಯಿರಿ.

ಮೊದಲನೆಯದು ಹೊರವ್ಯಾಸ ಮತ್ತು ಟೈರಿನ ಅಗಲ. ಗಾಲಿಯ ಪಕ್ಕದಲ್ಲೇ 7 x 1.5 ಅಥವಾ 8 x 1.75 ಎಂದು ಇಂಚಿನಲ್ಲಿ ಅಚ್ಚಾಗಿರುವುದುಂಟು. ಸವೆದ ಗಾಲಿಯನ್ನು ಅಳೆದು ಆ ಲೆಕ್ಕಕ್ಕೆ ಹೊಸದನ್ನು ತರಬೇಡಿ, ಅಚ್ಚಿನ ಅಂಕಿಯನ್ನೇ ನಂಬಿ. ಎರಡನೆಯದು ನಡುವಿನ ತೂತಿನ ವ್ಯಾಸ. ಇದನ್ನು ಸವೆದ ತೂತಿನಲ್ಲಿ ಅಳೆಯಬೇಡಿ, ಬೋಲ್ಟಿನ ನುಣುಪು ಭಾಗದ ಸವೆಯದ ಅಂಚಿನಲ್ಲಿ ಅಳೆಯಿರಿ. 12 ಅಥವಾ 12.7 ಮಿ.ಮೀ. ಸಿಗುವುದು ಸಾಮಾನ್ಯ. 0.7 ಮಿ.ಮೀ. ಏನು ಮಹಾ ಎನ್ನಿಸಬಹುದು. ಆದರೆ 12.7ರ ಗಾಲಿಯನ್ನು 12ರ ಬೋಲ್ಟಿಗೆ ಹಾಕಿದರೆ ಹೊಸ ಗಾಲಿ ಮೊದಲ ದಿನವೇ ಹಳೆಯದರಂತೆ ಅಲ್ಲಾಡುತ್ತದೆ.

ಮೂರನೆಯದು ಹಬ್ಬಿನ (ತೂತಿರುವ ಗಾಲಿಯ ನಡುಭಾಗ, ಇಂಗ್ಲಿಷಿನ hub) ಉದ್ದ, ಅಂದರೆ ತೂತು ಒಂದು ಬದಿಯಿಂದ ಇನ್ನೊಂದು ಬದಿಗೆ ಎಷ್ಟು ಉದ್ದವಿದೆ ಎಂಬುದು. ನಾಲ್ಕನೆಯದು ಹಬ್ ಒಳಬದಿಗೆ ಟೈರಿಗಿಂತ ಎಷ್ಟು ಮುಂದೆ ಚಾಚಿದೆ ಎಂಬುದು. ಇದನ್ನು ಮರೆತವರೇ ಹೆಚ್ಚು. ಇದು ಕಡಿಮೆಯಾದರೆ ಟೈರ್ ಹೋಗಿ ಡೆಕ್ಕಿಗೆ, ಅಂದರೆ ಬ್ಲೇಡನ್ನು ಮುಚ್ಚಿರುವ ಯಂತ್ರದ ಮೈಗೆ, ಉಜ್ಜುತ್ತದೆ. ಐದನೆಯದು ಎಂಜಿನ್ ತಿರುಗಿಸುವ ಗಾಲಿಗೆ ಮಾತ್ರ: ಒಳಗಿನ ಹಲ್ಲುಗಳನ್ನು ಎಣಿಸಿ. ಎಣಿಸಲು ಶುರು ಮಾಡಿದ ಹಲ್ಲಿಗೆ ಮಾರ್ಕರ್ ಹಚ್ಚಿಕೊಳ್ಳಿ, ಇಲ್ಲದಿದ್ದರೆ ಲೆಕ್ಕ ತಪ್ಪುತ್ತದೆ.

ಬಿಡಿಭಾಗ ಕೇಳುವಾಗ ಯಾವ ನಂಬರ್ ಹೇಳಬೇಕು?

ಡೆಕ್ ಮೇಲೆ ಅಂಟಿಸಿದ ಸ್ಟಿಕ್ಕರಿನ ಮಾಡೆಲ್ ನಂಬರ್ ಮತ್ತು ಸೀರಿಯಲ್ ನಂಬರ್. ಎಂಜಿನ್ ಮೇಲಿರುವ ನಂಬರ್ ಗಾಲಿಗೆ ಕೆಲಸಕ್ಕೆ ಬಾರದು. ಬ್ರಿಗ್ಸ್ ಅಂಡ್ ಸ್ಟ್ರಾಟನ್ ಎಂಜಿನ್ನನ್ನು ಬೇರೆ ಬೇರೆ ಕಂಪನಿಗಳು ತಮ್ಮ ಮೂವರ್‌ಗೆ ಕೂರಿಸುತ್ತವೆ. ಗಾಲಿ ಹುಡುಕಬೇಕಾದದ್ದು ಮೂವರ್ ತಯಾರಿಸಿದವರ ಪಟ್ಟಿಯಲ್ಲಿ. ಕಂಪನಿಯ ಗಾಲಿ ಸಿಗದಿದ್ದರೆ ಹಳೆಯ ಗಾಲಿ, ಬೋಲ್ಟ್, ನಟ್, ವಾಷರ್ ಎಲ್ಲವನ್ನೂ ಒಂದು ಚೀಲಕ್ಕೆ ಹಾಕಿ ಯಂತ್ರೋಪಕರಣದ ಅಂಗಡಿಗೆ ಹೋಗಿ. ಬೆಂಗಳೂರಿನವರಾದರೆ ಎಸ್‌ಜೆಪಿ ರಸ್ತೆಯಲ್ಲಿ ಬುಷ್ (ತೂತಿನೊಳಗೆ ಕೂರಿಸುವ ಕೊಳವೆ), ಬೇರಿಂಗ್, ಬೋಲ್ಟುಗಳ ಅಂಗಡಿಗಳು ಸಾಲಾಗಿವೆ. ಫೋಟೋ ತೋರಿಸಿ ಗಾಲಿ ಕೊಳ್ಳಬೇಡಿ.

ಒಂದು ಗಾಲಿ ಸವೆದಿದ್ದರೆ ಒಂದನ್ನೇ ಬದಲಾಯಿಸಿದರೆ ಸಾಕೇ?

ಮುಂದಿನ ಎರಡು ಅಥವಾ ಹಿಂದಿನ ಎರಡು, ಹೀಗೆ ಜೋಡಿಯಾಗಿ ಬದಲಾಯಿಸಿ. ಹಳೆಯ ಗಾಲಿಯ ವ್ಯಾಸ 10 ಮಿ.ಮೀ. ಸವೆದಿದ್ದರೆ ಆ ಮೂಲೆ 5 ಮಿ.ಮೀ. ತಗ್ಗಿರುತ್ತದೆ. ಎಡಗಡೆ ಹೊಸದು, ಬಲಗಡೆ ಹಳೆಯದು ಎಂದಾದರೆ ಆ ಐದು ಮಿ.ಮೀ. ಓರೆ ಹುಲ್ಲಿನ ಮೇಲೆ ಹಾಗೇ ಮೂಡುತ್ತದೆ. ಗರಿಕೆ ಅಥವಾ ಮೆಕ್ಸಿಕನ್ ಹುಲ್ಲನ್ನು ಒತ್ತಾಗಿ, ಗಿಡ್ಡವಾಗಿ ಬೆಳೆಸಿದ ಲಾನಿನಲ್ಲಂತೂ ದೂರದಿಂದಲೇ ಕಾಣುತ್ತದೆ. ಕಲ್ಲಿಗೆ ಬಡಿದು ಗಾಲಿ ಒಡೆದಿದ್ದು, ಜೊತೆಯದು ಸವೆದೇ ಇಲ್ಲವಾದರೆ ಒಂದೇ ಸಾಕು.

ಏನೇನು ಸಾಮಾನು ಬೇಕು?

ಎರಡು ಸ್ಪ್ಯಾನರ್ ಬೇಕೇ ಬೇಕು, ಒಂದು ಬೋಲ್ಟಿನ ತಲೆಗೆ, ಇನ್ನೊಂದು ನಟ್ಟಿಗೆ. ಎಂಟರ ಮಿಲಿಮೀಟರ್ ನಟ್ಟಿಗೆ 13ರ ಸ್ಪ್ಯಾನರ್, ಹತ್ತರ ನಟ್ಟಿಗೆ 17ರದು; ಕೆಲವು ಹತ್ತರ ನಟ್ಟುಗಳಿಗೆ 16ರದು ಬರುತ್ತದೆ. ಅಮೆರಿಕದ ಯಂತ್ರವಾದರೆ ಇಂಚಿನ ಲೆಕ್ಕ, 3/8 ಇಂಚಿನ ನಟ್ಟಿಗೆ 9/16ರ ಸ್ಪ್ಯಾನರ್. ಅದು 14.3 ಮಿ.ಮೀ. ಆಗುವುದರಿಂದ ನಮ್ಮ 14ರದು ಹಿಡಿಯುವುದಿಲ್ಲ, 15ರದು ಜಾರಿ ಮೂಲೆ ಸವೆಸುತ್ತದೆ. ಉಳಿದದ್ದು ಮನೆಯಲ್ಲೇ ಇರುತ್ತದೆ: ತುಕ್ಕು ಬಿಡಿಸುವ ಸ್ಪ್ರೇ, ತಂತಿ ಬ್ರಷ್, ಹಳೆ ಬಟ್ಟೆ, ದಪ್ಪ ಕೈಗವಸು, ಎರಡು ಮರದ ದಿಮ್ಮಿ, ಚೂರು ಗ್ರೀಸ್. ಹೊಸ ನೈಲಾನ್ ಲಾಕ್ ನಟ್ (ಸಡಿಲವಾಗದಂತೆ ಒಳಗೆ ನೈಲಾನ್ ಉಂಗುರವಿರುವ ನಟ್) ಗಾಲಿಗೊಂದರಂತೆ ತಂದಿಟ್ಟುಕೊಳ್ಳಿ.

ಕೆಲಸಕ್ಕೆ ಮೊದಲು ಯಾವ ಎಚ್ಚರಿಕೆ?

ಪೆಟ್ರೋಲ್ ಯಂತ್ರವಾದರೆ ಎಂಜಿನ್ ತಣ್ಣಗಾಗಲಿ. ಆಮೇಲೆ ಸ್ಪಾರ್ಕ್ ಪ್ಲಗ್ಗಿನ ಕ್ಯಾಪ್ ಎಳೆದು ತೆಗೆದು, ಪ್ಲಗ್ಗಿಗೆ ತಾಗದಂತೆ ಪಕ್ಕಕ್ಕೆ ಸರಿಸಿ. ಬ್ಲೇಡ್ ನೇರವಾಗಿ ಎಂಜಿನ್ನಿನ ಶಾಫ್ಟಿಗೇ ಕೂತಿರುತ್ತದೆ. ಕೈ ತಾಗಿ ಬ್ಲೇಡ್ ಅರ್ಧ ಸುತ್ತು ತಿರುಗಿದರೂ ಎಂಜಿನ್ ಒಮ್ಮೆ ಹೊಡೆಯಬಹುದು, ಬೆರಳು ಹೋಗಲು ಅಷ್ಟು ಸಾಕು. ಕರೆಂಟಿನದಾದರೆ ಸ್ವಿಚ್ ಆರಿಸಿದರೆ ಸಾಲದು, ಪ್ಲಗ್ ಕಿತ್ತು ಅದರ ತುದಿ ಕಣ್ಣೆದುರೇ ಇರುವಂತೆ ಇಡಿ. ಬ್ಯಾಟರಿಯದಾದರೆ ಬ್ಯಾಟರಿ ತೆಗೆದು ಬೇರೆ ಕಡೆ ಇಡಿ. ಇದರಲ್ಲಿ ಯಾವ ವಿನಾಯಿತಿಯೂ ಇಲ್ಲ, ‘ಎರಡೇ ನಿಮಿಷದ ಕೆಲಸ’ ಎಂಬ ದಿನವೂ ಇಲ್ಲ.

ಯಂತ್ರವನ್ನು ಮಗುಚಬಹುದೇ?

ಗಾಲಿಗೋಸ್ಕರ ಮಗುಚುವ ಅಗತ್ಯವೇ ಇಲ್ಲ. ಡೆಕ್ಕಿನ ಅಂಚಿನ ಕೆಳಗೆ ಮರದ ದಿಮ್ಮಿ ಕೊಟ್ಟು ಗಾಲಿ ನೆಲದಿಂದ ಎರಡು ಬೆರಳು ಮೇಲೇಳುವಂತೆ ಮಾಡಿದರೆ ಸಾಕು. ಒಂದರ ಮೇಲೊಂದು ಇಟ್ಟಿಗೆ ಪೇರಿಸಬೇಡಿ, ಜಾರುತ್ತವೆ. ವಾಲಿಸಲೇಬೇಕಾದರೆ ಪೆಟ್ರೋಲ್ ಕಾಕ್ ಮುಚ್ಚಿ, ಏರ್ ಫಿಲ್ಟರ್ ಇರುವ ಬದಿ ಮೇಲೆ ಬರುವಂತೆ ವಾಲಿಸಿ. ತಲೆಕೆಳಗು ಮಾಡಿದರೆ ಎಂಜಿನ್ ಆಯಿಲ್ ಏರ್ ಫಿಲ್ಟರಿಗೂ ಸಿಲಿಂಡರಿಗೂ ನುಗ್ಗುತ್ತದೆ. ಸ್ಟಾರ್ಟ್ ಮಾಡಿದಾಗ ಬಿಳಿ ಹೊಗೆ ದಟ್ಟವಾಗಿ ಬರುವುದು ಇದರಿಂದಲೇ. ಸ್ವಲ್ಪವೇ ನುಗ್ಗಿದ್ದರೆ ಕೆಲವು ನಿಮಿಷ ಓಡಿದ ಮೇಲೆ ಹೊಗೆ ನಿಲ್ಲುತ್ತದೆ, ಆದರೆ ಆಯಿಲ್ ಕುಡಿದ ಕಾಗದದ ಫಿಲ್ಟರ್ ಮಾತ್ರ ಹೋದಂತೆಯೇ.

ಬೋಲ್ಟಿನ ಮೇಲೆ ಕೂತ ಗಾಲಿ ಬದಲಾಯಿಸುವ ಕ್ರಮ ಹೇಳಿ.

ಮೊದಲು ಈ ಬೋಲ್ಟಿನ ಸ್ವಭಾವ ತಿಳಿದಿರಲಿ. ಇದನ್ನು ಶೋಲ್ಡರ್ ಬೋಲ್ಟ್ ಎನ್ನುತ್ತಾರೆ. ತಲೆಯ ಕೆಳಗೆ ದಪ್ಪನೆಯ ನುಣುಪು ಭಾಗ, ಅದರಾಚೆ ಸಣ್ಣಗಾಗಿ ಮರೆ (ನಟ್ ಏರುವ ಸುರುಳಿ ಗೆರೆ, ಥ್ರೆಡ್) ಇರುವ ಭಾಗ. ಗಾಲಿ ಸುತ್ತುವುದು ನುಣುಪಿನ ಮೇಲೆ. ನಟ್ ಬಿಗಿದಾಗ ನುಣುಪಿನ ಮೆಟ್ಟಿಲು ಹೋಗಿ ತೋಳಿಗೆ ಒತ್ತಿಕೊಳ್ಳುತ್ತದೆ, ಗಾಲಿಗೆ ಒತ್ತಡ ಬೀಳುವುದಿಲ್ಲ. ಈ ಏರ್ಪಾಡು ಅರ್ಥವಾದರೆ ಮುಂದಿನ ತಪ್ಪುಗಳಲ್ಲಿ ಅರ್ಧ ಆಗುವುದೇ ಇಲ್ಲ.

1. ನಾಲ್ಕೂ ಗಾಲಿಗಳ ಎತ್ತರದ ಲಿವರನ್ನು ಒಂದೇ ಗುರುತಿಗೆ ತಂದಿಡಿ.

2. ಗಾಲಿಯ ಮೇಲಿನ ಪ್ಲಾಸ್ಟಿಕ್ ಮುಚ್ಚಳವಿದ್ದರೆ ಚಪ್ಪಟೆ ಸ್ಕ್ರೂ ಡ್ರೈವರಿನಿಂದ ಎರಡು ಮೂರು ಕಡೆ ಸ್ವಲ್ಪ ಸ್ವಲ್ಪವೇ ಎಬ್ಬಿಸಿ. ಒಂದೇ ಕಡೆ ಮೀಟಿದರೆ ಅದರ ಕಿವಿ ಮುರಿಯುತ್ತದೆ.

3. ಒಳಗಿನ ನಟ್ಟನ್ನು ಒಂದು ಸ್ಪ್ಯಾನರಿನಿಂದ ಅಲುಗದಂತೆ ಹಿಡಿದು, ಹೊರಗಿನ ಬೋಲ್ಟನ್ನು ಎಡಕ್ಕೆ ತಿರುಗಿಸಿ.

4. ಬೋಲ್ಟ್ ಎಳೆಯುವಾಗ ವಾಷರುಗಳು ಉದುರುತ್ತವೆ. ಯಾವುದು ಗಾಲಿಯ ಹೊರಗಿತ್ತು, ಯಾವುದು ಒಳಗಿತ್ತು ಎಂದು ಮೊಬೈಲಿನಲ್ಲಿ ಫೋಟೋ ತೆಗೆದು, ಅದೇ ಕ್ರಮದಲ್ಲಿ ತಂತಿಗೆ ಪೋಣಿಸಿಡಿ.

5. ಬೋಲ್ಟನ್ನು ತಂತಿ ಬ್ರಷ್‌ನಿಂದ ಉಜ್ಜಿ. ತೋಳಿನ ಸುತ್ತ ಗಟ್ಟಿಯಾದ ಹುಲ್ಲು ಮಣ್ಣು ಕೆರೆದು ತೆಗೆಯಿರಿ. ಅಲ್ಲಿ ಒಂದು ಹೆಂಟೆ ಉಳಿದರೂ ಮೆಟ್ಟಿಲು ಸಮನಾಗಿ ಕೂರದೆ ಬೋಲ್ಟ್ ಓರೆಯಾಗುತ್ತದೆ.

6. ನುಣುಪು ಭಾಗಕ್ಕೆ ತೆಳ್ಳಗೆ ಗ್ರೀಸ್ ಸವರಿ, ಹೊಸ ಗಾಲಿ ಮತ್ತು ವಾಷರ್ ಹಾಕಿ, ಹೊಸ ಲಾಕ್ ನಟ್ಟನ್ನು ಮೊದಲ ಮೂರು ನಾಲ್ಕು ಸುತ್ತು ಕೈಯಿಂದಲೇ ತಿರುಗಿಸಿ. ನೈಲಾನ್ ತಾಗಿದ ಮೇಲೆ ಸ್ಪ್ಯಾನರ್ ಹಿಡಿಯಿರಿ. ಮೆಟ್ಟಿಲು ಕೂತಾಗ ಕೈಗೆ ಥಟ್ಟನೆ ತಡೆ ಗೊತ್ತಾಗುತ್ತದೆ. ಅಲ್ಲಿಂದ ಕಾಲು ಸುತ್ತು ಸಾಕು.

7. ಗಾಲಿಯನ್ನು ಬೆರಳಿನಿಂದ ತಳ್ಳಿ. ಎರಡು ಮೂರು ಸುತ್ತು ತಾನಾಗಿ ಸುತ್ತಿ ನಿಲ್ಲಬೇಕು. ಪಕ್ಕಕ್ಕೆ 1 ಮಿ.ಮೀ. ಆಟ ಇರಲಿ.

ನಟ್ ಬಿಗಿದ ತಕ್ಷಣ ಗಾಲಿ ತಿರುಗುವುದೇ ನಿಂತಿತು. ಎಲ್ಲಿ ತಪ್ಪಿತು?

ಹೊಸ ಗಾಲಿಯ ಹಬ್ ಬೋಲ್ಟಿನ ನುಣುಪು ಭಾಗಕ್ಕಿಂತ ಉದ್ದವಿದೆ, ಇಲ್ಲವೇ ಒಂದು ವಾಷರ್ ಹೆಚ್ಚಾಗಿದೆ. ನಟ್ ಸಡಿಲ ಬಿಟ್ಟು ಓಡಿಸುವುದು ಪರಿಹಾರವಲ್ಲ, ಬೋಲ್ಟ್ ಅಲುಗಾಡಿ ತೋಳಿನ ತೂತನ್ನೇ ತಿನ್ನುತ್ತದೆ. ವಾಷರ್ ತೆಗೆದು ನೋಡಿ. ಆಗಲೂ ಜಾಮ್ ಆದರೆ ಹಬ್ಬಿನ ತುದಿಯನ್ನು ಮರಳು ಕಾಗದದ ಮೇಲೆ ವೃತ್ತಾಕಾರವಾಗಿ ಉಜ್ಜಿ ಬೇಕಾದಷ್ಟು ತಗ್ಗಿಸಿ. 1 ಮಿ.ಮೀ.ವರೆಗೆ ಇದು ಸರಿ. ಅದಕ್ಕಿಂತ ಹೆಚ್ಚು ಬೇಕಾದರೆ ನೀವು ತಂದಿರುವುದು ಬೇರೆ ಗಾಲಿ.

ಹಾರ್ಡ್‌ವೇರ್ ಅಂಗಡಿಯ ಸಾಮಾನ್ಯ ಬೋಲ್ಟ್ ಹಾಕಬಹುದೇ?

ಬೇಡ. ಪೂರ್ತಿ ಮರೆಯಿರುವ ಬೋಲ್ಟ್ ಪ್ಲಾಸ್ಟಿಕ್ ಹಬ್ಬಿನೊಳಗೆ ಅರದಂತೆ ಕೆಲಸ ಮಾಡುತ್ತದೆ, ಒಂದು ಮಳೆಗಾಲದೊಳಗೆ ಹೊಸ ಗಾಲಿ ಮುಗಿಯುತ್ತದೆ. ಬಿಗಿದರೆ ಗಾಲಿ ಜಾಮ್, ಬಿಟ್ಟರೆ ನಟ್ ಉದುರುತ್ತದೆ. ಅನಿವಾರ್ಯವಾದರೆ ಬೋಲ್ಟಿನ ಮೇಲೆ ಹಬ್ಬಿಗಿಂತ 1 ಮಿ.ಮೀ. ಉದ್ದದ ಉಕ್ಕಿನ ಕೊಳವೆ ತೊಡಿಸಿ, ಗಾಲಿ ಅದರ ಮೇಲೆ ಸುತ್ತಲಿ. ಕೊಳವೆಯ ಎರಡೂ ತುದಿಗೆ, ಹಬ್ಬಿನ ತೂತಿಗಿಂತ ಅಗಲವಾದ ವಾಷರ್ ಇರಬೇಕು.

ಇನ್ನೊಂದು ಎಚ್ಚರಿಕೆ: 3/8 ಇಂಚಿನ ಬೋಲ್ಟಿಗೆ ಹತ್ತರ ಮಿಲಿಮೀಟರ್ ನಟ್ ಹಾಕಬೇಡಿ. ಬೋಲ್ಟ್ 9.5 ಮಿ.ಮೀ. ಇರುವುದರಿಂದ ನಟ್ ಸಲೀಸಾಗಿ ಏರುತ್ತದೆ, ಸರಿಹೋಯಿತು ಎನ್ನಿಸುತ್ತದೆ. ಬಿಗಿಯುವಾಗ ಮರೆ ಕಿತ್ತುಬರುತ್ತದೆ. ಅಮೆರಿಕದಿಂದ ಸಾಮಾನಿನ ಜೊತೆ ಮೂವರ್ ತಂದವರು ನಟ್ಟನ್ನೂ ಅಲ್ಲಿಂದಲೇ ತರಿಸಿಕೊಂಡರೆ ಒಳ್ಳೆಯದು.

ಬೋಲ್ಟ್ ತುಕ್ಕು ಹಿಡಿದು ಅಲುಗುತ್ತಲೇ ಇಲ್ಲ.

ಹೊರಗೆ ಕಾಣುವ ಮರೆಯ ತುದಿಯನ್ನು ಮೊದಲು ತಂತಿ ಬ್ರಷ್‌ನಿಂದ ಉಜ್ಜಿ, ಆಮೇಲೆ ಸ್ಪ್ರೇ ಹೊಡೆಯಿರಿ. ಅರ್ಧ ಗಂಟೆ ಬಿಟ್ಟು ಮತ್ತೊಮ್ಮೆ ಹೊಡೆಯಿರಿ. ಬಿಡದಿದ್ದರೆ ರಾತ್ರಿಯಿಡೀ ಬಿಡಿ. ತಿರುಗಿಸುವಾಗ ಮೊದಲು ಸ್ವಲ್ಪ ಬಿಗಿಯುವ ಕಡೆಗೆ, ನಂತರ ಬಿಚ್ಚುವ ಕಡೆಗೆ, ಹೀಗೆ ಹಿಂದೆ ಮುಂದೆ ಆಡಿಸಿ. ಸ್ಪ್ಯಾನರಿಗೆ ಪೈಪ್ ತೊಡಿಸಿ ಒಂದೇ ಏಟಿಗೆ ಎಳೆದರೆ ಬೋಲ್ಟಿನ ತಲೆ ಕಿತ್ತುಬರುತ್ತದೆ. ಬೆಂಕಿ ತೋರಿಸುವುದು ಬೇಡವೇ ಬೇಡ, ಪಕ್ಕದಲ್ಲೇ ಪೆಟ್ರೋಲ್ ಇದೆ, ಗಾಲಿ ಪ್ಲಾಸ್ಟಿಕ್ಕಿನದು. ಏನೂ ಆಗದಿದ್ದರೆ ಗಾಲಿ ಹೇಗೂ ಹೋಗುವುದೇ. ಅದನ್ನು ಕತ್ತರಿಸಿ ತೆಗೆದು, ಬೋಲ್ಟನ್ನು ಹೆಕ್ಸಾ ಬ್ಲೇಡಿನಿಂದ ಕೊಯ್ಯಿರಿ.

ನಮ್ಮ ಯಂತ್ರದಲ್ಲಿ ಬೋಲ್ಟೇ ಇಲ್ಲ, ಉದ್ದ ಸರಳಿನ ತುದಿಗೆ ಗಾಲಿ ಇದೆ.

ಸಣ್ಣ ಕರೆಂಟ್ ಮೂವರ್‌ಗಳಲ್ಲಿ ಹೀಗೇ. ಎತ್ತಿನ ಗಾಡಿಯ ಅಚ್ಚಿಗೆ ಕಡೆಗೀಲು ಹೇಗೋ ಹಾಗೆ ಇಲ್ಲಿ ಸರಳಿನ ತುದಿಗೆ ಪಿನ್, ಇ-ಕ್ಲಿಪ್ (ಇಂಗ್ಲಿಷಿನ E ಆಕಾರದ ಚಿಕ್ಕ ಕ್ಲಿಪ್) ಅಥವಾ ಒತ್ತಿ ಕೂರಿಸಿದ ಹಲ್ಲಿನ ಟೋಪಿ ಇರುತ್ತದೆ. ಪಿನ್ನಾದರೆ ಇಕ್ಕಳದಿಂದ ನೇರ ಮಾಡಿ ಎಳೆಯಿರಿ. ಇ-ಕ್ಲಿಪ್ ಮೇಲೆ ಬಟ್ಟೆ ಮುಚ್ಚಿ ಮೀಟಿ, ಇಲ್ಲದಿದ್ದರೆ ಹಾರಿ ಹುಲ್ಲಿನಲ್ಲಿ ಕಳೆದುಹೋಗುತ್ತದೆ. ಒತ್ತಿ ಕೂರಿಸಿದ ಟೋಪಿ ತೆಗೆಯುವಾಗ ಹಾಳಾಗುವುದು ಖಚಿತ, ಹೊಸದನ್ನು ಮೊದಲೇ ತಂದಿಡಿ. ಅದನ್ನು ಕೂರಿಸುವಾಗ ಸರಳಿನ ಇನ್ನೊಂದು ತುದಿಯನ್ನು ಮರದ ದಿಮ್ಮಿಗೆ ಆನಿಸಿ, ಟೋಪಿಯ ಮೇಲೆ ಸಾಕೆಟ್ ಇಟ್ಟು ಸುತ್ತಿಗೆಯಿಂದ ಬಡಿಯಿರಿ. ಆನಿಕೆ ಇಲ್ಲದೆ ಬಡಿದರೆ ಅತ್ತ ಕಡೆಯ ಟೋಪಿ ಕಳಚುತ್ತದೆ.

ಎಂಜಿನ್ ಎಳೆಯುವ ಮೂವರಿನಲ್ಲಿ ಗಾಲಿ ಜಾರುತ್ತಿದೆ. ಗಾಲಿ ಬದಲಾಯಿಸಿದರೆ ಸರಿಹೋಗುತ್ತದೆಯೇ?

ಎರಡೂ ಗಾಲಿ ಎಳೆಯುತ್ತಿಲ್ಲವಾದರೆ ಬೆಲ್ಟ್ ಅಥವಾ ಕೇಬಲ್ ನೋಡಿ, ಗಾಲಿಯ ತಪ್ಪಿಲ್ಲ. ಒಂದು ಮಾತ್ರ ಎಳೆಯದೆ, ಒಳಗಿನಿಂದ ಕಟಕಟ ಸದ್ದು ಬಂದರೆ ಹಲ್ಲು ಸವೆದಿದೆ.

ಗಾಲಿ ಬಿಚ್ಚಿದರೆ ಅದರೊಳಗೆ ಸುತ್ತಲೂ ಪ್ಲಾಸ್ಟಿಕ್ ಹಲ್ಲು, ಶಾಫ್ಟಿನ ತುದಿಗೆ ಪಿನಿಯನ್ ಎಂಬ ಚಿಕ್ಕ ಹಲ್ಲಿನ ಚಕ್ರ, ಅದರ ಒಳಗೆ ಅದನ್ನು ಶಾಫ್ಟಿಗೆ ಹಿಡಿಸುವ, ಬೆರಳ ಉಗುರಿನಷ್ಟೇ ಇರುವ ಕೀಲಿ ಕಾಣುತ್ತವೆ. ಒಳ್ಳೆಯ ಹಲ್ಲಿನ ತುದಿ ಚಪ್ಪಟೆ ಇರುತ್ತದೆ. ಸವೆದದ್ದು ಗರಗಸದಂತೆ ಚೂಪಾಗಿ ಒಂದು ಕಡೆಗೆ ಬಾಗಿರುತ್ತದೆ. ಪಿನಿಯನ್ ಹಲ್ಲೂ ಚೂಪಾಗಿದ್ದರೆ ಎರಡನ್ನೂ ಒಟ್ಟಿಗೇ ಬದಲಾಯಿಸಿ. ಹಳೆ ಪಿನಿಯನ್ ಮೇಲೆ ಹೊಸ ಗಾಲಿ ಹಾಕಿದರೆ ಹೊಸ ಹಲ್ಲನ್ನೂ ಅದು ಅದೇ ಆಕಾರಕ್ಕೆ ಕೊರೆಯುತ್ತದೆ.

ಎಡ ಬಲದ ಪಿನಿಯನ್ ಬೇರೆ ಬೇರೆ. ನೋಡಲು ಅವಳಿಗಳಂತಿದ್ದರೂ ಒಳಗಿನ ಕೀಲಿಯ ಗುಳಿಯ ಇಳಿಜಾರು ಒಂದಕ್ಕೊಂದು ತಿರುವುಮುರುವು. ಆದ್ದರಿಂದ ಒಂದು ಬದಿ ಪೂರ್ತಿ ಮುಗಿಸಿಯೇ ಇನ್ನೊಂದನ್ನು ಬಿಚ್ಚಿ. ಜೋಡಿಸಿದ ಮೇಲೆ ಎಂಜಿನ್ ಆಫ್ ಇರುವಾಗಲೇ ಪರೀಕ್ಷಿಸಿ: ಹೆಚ್ಚಿನ ಮಾಡೆಲ್‌ಗಳಲ್ಲಿ ಗಾಲಿಯನ್ನು ಮುಂದಕ್ಕೆ ತಿರುಗಿಸಿದರೆ ಹಗುರಾಗಿ ಸುತ್ತಬೇಕು, ಹಿಂದಕ್ಕೆ ತಿರುಗಿಸಿದರೆ ಶಾಫ್ಟನ್ನೂ ಹಿಡಿದು ತಿರುಗಿಸಬೇಕು. ಇದು ಉಲ್ಟಾ ಆದರೆ ಪಿನಿಯನ್ ಅದಲುಬದಲಾಗಿದೆ ಅಥವಾ ಕೀಲಿ ತಿರುಗುಮುರುಗಾಗಿ ಕೂತಿದೆ.

ಕೈಯಿಂದ ತಳ್ಳುವ ಸಿಲಿಂಡರ್ ಮೂವರಿನ ಗಾಲಿ?

ಇಲ್ಲಿ ಬ್ಲೇಡ್ ಸುತ್ತುವುದೇ ಗಾಲಿಯ ಬಲದಿಂದ. ಇಂಗ್ಲೆಂಡಿನ ಎಡ್ವಿನ್ ಬಡಿಂಗ್ 1830ರಲ್ಲಿ ಪೇಟೆಂಟ್ ಪಡೆದ ಮೊದಲ ಮೂವರಿನಲ್ಲೂ ಹಿಂದಿನ ರೋಲರ್ ಉರುಳಿದಾಗ ಗಿಯರುಗಳ ಮೂಲಕ ಬ್ಲೇಡ್ ಸುತ್ತುತ್ತಿತ್ತು. ಹಾಗಾಗಿ ಇದರಲ್ಲಿ ಟೈರ್ ಪಟ್ಟೆ ನುಣ್ಣಗಾದರೆ ಅಲಕ್ಷ್ಯ ಮಾಡುವಂತಿಲ್ಲ. ಗಾಲಿ ಹುಲ್ಲಿನ ಮೇಲೆ ಜಾರಿ ಬ್ಲೇಡ್ ನಿಂತುಬಿಡುತ್ತದೆ. ಬಿಚ್ಚುವಾಗ ಪಿನಿಯನ್ ಒಳಗಿನ ಕೀಲಿ ಕೆಳಗೆ ಬೀಳುತ್ತದೆ, ಕೆಳಗೊಂದು ತಟ್ಟೆ ಇಟ್ಟುಕೊಳ್ಳಿ. ಜೋಡಿಸಿದ ಮೇಲೆ ಮುಂದಕ್ಕೆ ತಳ್ಳಿದಾಗ ಬ್ಲೇಡ್ ಸುತ್ತಬೇಕು, ಹಿಂದಕ್ಕೆ ಎಳೆದಾಗ ಟಿಕ್ ಟಿಕ್ ಎನ್ನುತ್ತ ಸುಮ್ಮನಿರಬೇಕು.

ಹೊಸ ಗಾಲಿ ಎಲ್ಲೂ ಸಿಗುತ್ತಿಲ್ಲ. ಹಳೆಯದನ್ನೇ ಉಳಿಸಬಹುದೇ?

ಟೈರ್ ಮತ್ತು ಕಡ್ಡಿಗಳು ಗಟ್ಟಿಯಿದ್ದು ತೂತು ಮಾತ್ರ ಹಿಗ್ಗಿದ್ದರೆ ಖಂಡಿತ ಉಳಿಸಬಹುದು. ಲೇತ್ ಅಂಗಡಿಗೆ ಗಾಲಿ ಮತ್ತು ಬೋಲ್ಟ್ ಎರಡನ್ನೂ ಕೊಂಡೊಯ್ಯಿರಿ. 12.7ರ ಬೋಲ್ಟಿಗೆ ಹಬ್ಬಿನ ತೂತನ್ನು 18 ಮಿ.ಮೀ.ಗೆ ಕೊರೆಸಿ, ನೈಲಾನ್ ಅಥವಾ ಡೆಲ್ರಿನ್ (ಒಂದು ಬಗೆಯ ಗಟ್ಟಿ ಪ್ಲಾಸ್ಟಿಕ್) ಬುಷ್ ತಿರುವಿಸಿ ಬಿಗಿಯಾಗಿ ಒತ್ತಿಸಿ. ಬುಷ್ಷಿನ ಒಳವ್ಯಾಸ, ಒತ್ತಿಸಿದ ಮೇಲೆ, ಬೋಲ್ಟಿಗಿಂತ 0.2–0.3 ಮಿ.ಮೀ. ಹೆಚ್ಚಿರಲಿ. ನೈಲಾನ್ ತೇವ ಹೀರಿ ಉಬ್ಬುತ್ತದೆ. ಬೇಸಿಗೆಯಲ್ಲಿ ಸರಿಯಾಗಿ ಕೂತದ್ದು ಜುಲೈ ಮಳೆಯಲ್ಲಿ ಹಿಡಿದುಕೊಳ್ಳುತ್ತದೆ. ಡೆಲ್ರಿನ್‌ಗೆ ಈ ತೊಂದರೆ ಕಡಿಮೆ. ಕೊರೆದ ಮೇಲೆ ಹಬ್ಬಿನ ಗೋಡೆ ಸುತ್ತಲೂ ಕನಿಷ್ಠ 4 ಮಿ.ಮೀ. ಉಳಿಯದಿದ್ದರೆ ಈ ದಾರಿ ಬೇಡ, ಸೀಳುತ್ತದೆ.

ಟ್ರಾಲಿಯ ಗಾಲಿ ಹಾಕಬಹುದೇ?

ನಾಲ್ಕನ್ನೂ ಬದಲಾಯಿಸುವುದಾದರೆ, ವ್ಯಾಸವೂ ಹಬ್ಬಿನ ಅಳತೆಯೂ ಹೊಂದಿದರೆ ಹಾಕಬಹುದು. ಗಟ್ಟಿ ಪಾಲಿಯುರೆಥೇನ್ ಗಾಲಿಗಳು ಒದ್ದೆ ಹುಲ್ಲಿನ ಮೇಲೆ ಜಾರುತ್ತವೆ, ಮೃದು ರಬ್ಬರಿನದೇ ನೋಡಿ. ಎಂಜಿನ್ ಎಳೆಯುವ ಗಾಲಿಗೆ ಇದು ಆಗದ ಮಾತು.

ಗ್ರೀಸ್ ಎಲ್ಲಿ ಹಚ್ಚಬೇಕು, ಎಲ್ಲಿ ಹಚ್ಚಬಾರದು?

ಬೋಲ್ಟಿನ ನುಣುಪು ಭಾಗಕ್ಕೆ ತೆಳುವಾಗಿ. ಸೀಲ್ ಆದ ಬೇರಿಂಗಿಗೆ ಬೇಡ. ಪ್ಲಾಸ್ಟಿಕ್ ಹಲ್ಲುಗಳಿಗೆ ಬೇಡ; ಧೂಳು ಅಂಟಿ ಅದೇ ಅರೆಯುವ ಕಲ್ಲಾಗುತ್ತದೆ.

ಹೊಸ ಗಾಲಿ ಹಾಕಿದ ಮೇಲೆ ಎತ್ತರ ಪರೀಕ್ಷಿಸಬೇಕೇ?

ಹೌದು. ಪ್ಲಗ್ ಕ್ಯಾಪ್ ತೆಗೆದೇ ಇರುವಾಗ ಸಮತಟ್ಟಾದ ಸಿಮೆಂಟ್ ನೆಲದ ಮೇಲೆ ನಿಲ್ಲಿಸಿ, ಕೈಗವಸು ಹಾಕಿ ಬ್ಲೇಡಿನ ಒಂದೇ ತುದಿಯನ್ನು ಎಡಕ್ಕೂ ಬಲಕ್ಕೂ ತಂದು ನೆಲದಿಂದ ಅಳೆಯಿರಿ. ಎರಡೂ ಸಮ ಇರಬೇಕು. ಮುಂದಕ್ಕೆ ತಂದಾಗ ಹಿಂದಿಗಿಂತ 3–6 ಮಿ.ಮೀ. ತಗ್ಗಿದ್ದರೆ ಒಳ್ಳೆಯದೇ, ಒಮ್ಮೆ ಕತ್ತರಿಸಿದ ಹುಲ್ಲಿಗೆ ಬ್ಲೇಡಿನ ಹಿಂಭಾಗ ಮತ್ತೆ ತಾಗದು.

ವರ್ಷದೊಳಗೆ ಮತ್ತೆ ಸವೆಯಿತು. ಕಾರಣವೇನು?

ಮುಖ್ಯ ಕಾರಣ ತಿರುಗಿಸುವ ರೀತಿ. ಸಾಲಿನ ಕೊನೆಯಲ್ಲಿ ಒಂದು ಗಾಲಿಯನ್ನು ನೆಲಕ್ಕೂರಿ ಇಡೀ ಯಂತ್ರವನ್ನು ಗಿರಕ್ಕನೆ ತಿರುಗಿಸಿದರೆ ಅಷ್ಟೂ ಭಾರ ಆ ಹಬ್ಬಿನ ಅಂಚಿಗೆ ಬೀಳುತ್ತದೆ. ಹಿಡಿಯನ್ನು ಒತ್ತಿ ಮುಂದಿನ ಎರಡು ಗಾಲಿ ಎತ್ತಿ, ಹಿಂದಿನ ಎರಡರ ಮೇಲೆ ಅಗಲವಾಗಿ ತಿರುಗಿಸಿ. ಮುಂದಿನ ಗಾಲಿ ಎಳೆಯುವ ಯಂತ್ರದಲ್ಲಿ ಹಾಗೆ ಎತ್ತುವ ಮೊದಲು ಡ್ರೈವ್ ಲಿವರ್ ಬಿಡಿ.

ಇನ್ನು, ಗೇಟಿನಿಂದ ಲಾನಿನವರೆಗೆ ಸಿಮೆಂಟ್ ಪೇವರ್ ಮೇಲೆ ಡ್ರೈವ್ ಹಾಕಿ ಓಡಿಸುವುದು. ಹೊಸದಾಗಿ ಹಾಸಿದ ಲಾನಿನ ಕೆಂಪು ಮಣ್ಣು, ಮರಳು ಹಬ್ಬಿನೊಳಗೆ ಸೇರುವುದು. ಪ್ರೆಶರ್ ವಾಷರಿನಿಂದ ನೇರ ಹಬ್ಬಿಗೇ ನೀರು ಹೊಡೆದು ಗ್ರೀಸ್ ತೊಳೆದುಹಾಕುವುದು. ಗೊಬ್ಬರ ಚೆಲ್ಲಿದ ಮರುದಿನವೇ ಓಡಿಸಿ ಒರೆಸದೆ ಇಡುವುದು. ಗೊಬ್ಬರದ ಹರಳು ಬೋಲ್ಟಿಗೆ ಅಂಟಿ ತೇವ ಹೀರಿದರೆ ತುಕ್ಕು ಬೇಗ ಏಳುತ್ತದೆ, ಆ ಒರಟು ಬೋಲ್ಟ್ ಹಬ್ಬನ್ನು ಉಜ್ಜುತ್ತದೆ. ಕೆಲಸ ಮುಗಿದ ಮೇಲೆ ಒಣ ಬ್ರಷ್‌ನಿಂದ ಗಾಲಿಯ ಒಳಬದಿ ಉಜ್ಜಿ ನೆರಳಿನಲ್ಲಿಡಿ.

ಬದಲಾಯಿಸಿದ ಮೇಲೆ ಮತ್ತೆ ಯಾವಾಗ ನೋಡಬೇಕು?

ಮೊದಲ ಅರ್ಧ ಗಂಟೆ ಓಡಿಸಿದ ಮೇಲೆ ಯಂತ್ರ ನಿಲ್ಲಿಸಿ, ಪ್ಲಗ್ ಕ್ಯಾಪ್ ತೆಗೆದು, ಎಲ್ಲ ನಟ್ಟಿಗೂ ಒಮ್ಮೆ ಸ್ಪ್ಯಾನರ್ ಹಾಕಿ ನೋಡಿ. ಯಾವುದಾದರೂ ಕಾಲು ಸುತ್ತಿಗಿಂತ ಹೆಚ್ಚು ತಿರುಗಿದರೆ ಮೆಟ್ಟಿಲು ಸರಿಯಾಗಿ ಕೂತಿರಲಿಲ್ಲ ಎಂದರ್ಥ. ಆ ಒಂದು ಗಾಲಿಯನ್ನು ಬಿಚ್ಚಿ, ತೋಳು ಒರೆಸಿ, ಮತ್ತೆ ಹಾಕಿ.